ತ್ಸಿಯಾಮ್‌ನಿಂದ ಬಂದ ದಾರಿ

ಏಪ್ರಿಲ್ 9, ರುಂಬೂರ್ ಕಣಿವೆ

ನಮ್ಮ ಪೂರ್ವಜರನ್ನು ಕದ್ದಿದ್ದಾರೆ. ಪೇಟೆಯ ಗೈಡ್ ಇವತ್ತೂ ಪ್ರವಾಸಿಗರಿಗೆ ಅದೇ ಸುಳ್ಳು ಹೇಳಿದ — ಈ ಕಣಿವೆಯ ನಾವು ಕಲಾಶರು ಅಲೆಕ್ಸಾಂಡರನ ಸೈನಿಕರ ಸಂತಾನವಂತೆ. ನನ್ನ ಕಣ್ಣಿನ ಬಣ್ಣ ತೋರಿಸಿ ಹೇಳಿದ! ಸೌದೆ ಹೊರೆ ಕೆಳಗಿಟ್ಟು ಜಗಳಕ್ಕೆ ನಿಂತೆ. ನಮ್ಮದು ಉತ್ತರದ ಹುಲ್ಲುಗಾವಲಿನಿಂದ ಕುದುರೆ, ಕುರಿಗಳ ಜೊತೆ ಇಳಿದು ಬಂದವರ ಭಾಷೆ. ಅರ್ಧ ಹಿಂದೂಸ್ತಾನದ ಭಾಷೆಗಳಿಗೆ ಅಕ್ಕ. ನಾನು ಬರೆದು ಹಂಚುವ ಕರಪತ್ರದಲ್ಲಿ ಎಲ್ಲ ಇದೆ.

ಅಣ್ಣ ದಾನೋಕ್ ನಕ್ಕ. "ಪುರಾವೆ ತೋರ್ಸಮ್ಮಾ, ಪ್ರೊಫೆಸರಮ್ಮ!"

ಪುರಾವೆ ತಾತನ ಬಾಯಲ್ಲಿದೆ. ನಮ್ಮ ಮೂಲ ನೆಲವಾದ ತ್ಸಿಯಾಮ್‌ನಿಂದ ಇಲ್ಲಿಯವರೆಗೆ ನಮ್ಮವರು ದಾಟಿದ ಕಣಿವೆಗಳ ಹೆಸರು. ಪೂರ್ತಿ ಬಲ್ಲವರು ಈಗ ಅವರೊಬ್ಬರೇ.

ಏಪ್ರಿಲ್ 12

ಕೇಳಿದೆ.

"ಹೆಣ ಎಲ್ಲಿ?" ಅಂದರು ತಾತ.

"ಬರೀ ಹೆಸರು ಹೇಳು, ಸಾಕು."

"ಅದು ಸತ್ತೋರಿಗೆ ತೋರಿಸೋ ದಾರಿ ಕಣೆ. ವಾಪಸ್ ಹೋಗೋರು ಅವರು ತಾನೆ? ಬದುಕಿರೋರಿಗೆ ಹೇಳಿದ್ರೆ ಮನೇಲಿ ಒಬ್ರು ಹೊರಟೇಬಿಡ್ತಾರೆ."

"ಹೇಳೋಕೆ ಮುಂಚೆ ನೀನೇ ಹೊರಟ್ರೆ?"

ಬಾಯಿ ತಪ್ಪಿ ಬಂತು. ತಾತ ಚಹಾ ಬಿಟ್ಟು ಎದ್ದು ಹೋದರು.

ಏಪ್ರಿಲ್ 30

ತಾತ ಇನ್ನೂ ನನ್ನ ಮೇಲೆ ಮುನಿದಿದ್ದಾರೆ. ಆಡುಗಳ ಜೊತೆ ಮೇಲಿನ ದೊಡ್ಡಿ ಸೇರಿದ್ದಾರೆ. ನನ್ನ ಓರಗೆಯವರು ಗೈಡ್‌ನ ಮೊಬೈಲ್ ಮುಂದೆ ನಗುತ್ತ ನಿಲ್ಲುತ್ತಾರೆ. ಕರಪತ್ರ ಕೇಳುವವರಿಲ್ಲ. ನಾಯಿಗೆ ಓದಿ ಹೇಳಿದೆ… ಅದೂ ಎದ್ದು ಹೋಯಿತು.

ಮೇ 6, ಸಂಜೆ

ಬಷಾರಾ ಅಜ್ಜ ತೀರಿಕೊಂಡರು. ತಾತನ ಬಾಲ್ಯದ ಗೆಳೆಯ. ಮತ ಬದಲಿಸಿ ಮುಸಲ್ಮಾನರಾಗಿ ಬಹಳ ವರ್ಷ. ಹಾಗಾಗಿ ನಮ್ಮವರ ಸಾವಿಗೆ ಇರುವ ನಗಾರಿಯಿಲ್ಲ, ಕುಣಿತವಿಲ್ಲ, ದಾರಿ ಹೇಳುವಂತಿಲ್ಲ. ಮಕ್ಕಳು ಮರ್ಯಾದೆಯಿಂದ ಮಣ್ಣು ಮಾಡಿದರು.

ತಾತ ಇಳಿದು ಬಂದು ಗೋಡೆಯಾಚೆ ನಿಂತಿದ್ದರು. ತುಟಿ ಅಲುಗುತ್ತಿತ್ತು, ದನಿಯಿಲ್ಲ. ಹೋಗಿ ಪಕ್ಕದಲ್ಲಿ ನಿಂತೆ. ಈ ಸಲ ಏನೂ ಕೇಳಲಿಲ್ಲ.

ಆಮೇಲೆ ಅವರೇ ಅಂದರು, "ಅವನಿಗೆ ದಾರಿ ಗೊತ್ತಾಗಲ್ಲ. ಹುಡುಗನಾಗಿದ್ದಾಗ್ಲೂ ಅಷ್ಟೇ. ಆಡು ಮನೆಗೆ ಬರ್ತಿತ್ತು, ಇವನು ಬರ್ತಿರಲಿಲ್ಲ."

ನಗು ಬಂತು. ಅವರಿಗೂ. ಆಮೇಲೆ ಕಣ್ಣೊರೆಸಿಕೊಂಡರು.

"ಹೇಳ್ಬೇಕು ಅವನಿಗೆ. ಒಂದೊಂದು ಹೆಸರಿಗೂ 'ದಾಟಿದೆವು' ಅನ್ನೋಕೆ ಇನ್ನೊಬ್ರು ಬೇಕು. ಊರಿನ ಗಂಡಸರು ಒಲ್ಲೆ ಅಂದ್ರು. ಮುಸಲ್ಮಾನನಿಗೆ ದಾರಿ ಹೇಳಿದ್ರೆ ಗಲಾಟೆ ಆಗತ್ತಂತೆ."

"ನಾನು ಅಂತೀನಿ."

ತಾತ ಮೇಲಿನ ದೊಡ್ಡಿಯ ಕಡೆ ಕೈ ತೋರಿಸಿದರು.

"ದೊಡ್ಡಿಗೆ ಹೆಂಗಸರು ಬರೋ ಹಾಗಿಲ್ಲ. ಕಾಲುವೆ ತನಕ ಬಾ. ನೀನು ಈ ದಡ, ನಾನು ಆ ದಡ. ಒಂದೇ ಸಲ ಹೇಳೋದು. ಬರ್ಕೊಳ್ಳೋ ಹಾಗಿಲ್ಲ."

ಒಪ್ಪಿದೆ.

ಶುಕ್ರವಾರ, ಬೆಳಿಗ್ಗೆ ಆರು ಗಂಟೆಗೆ, ಕಾಲುವೆಯ ಹತ್ತಿರ ಸೇರುವುದು. ಈ ಡೈರಿ ಮನೆಯಲ್ಲೇ ಬಿಟ್ಟು ಹೋಗುತ್ತೇನೆ.