ಒಂಬತ್ತು ಅಂಗುಲದ ತೂಬು

ಚುಂಚನಕಟ್ಟೆ
೨ ಆಗಸ್ಟ್ ೧೯೩೮

ಮಾನ್ಯರಾದ ಕೆಂಪಾಜಮ್ಮನವರಿಗೆ, ನಾಲೆಯ ಓವರ್‌ಸಿಯರ್ ರುದ್ರಸ್ವಾಮಿ ಮಾಡುವ ನಮಸ್ಕಾರಗಳು.

ಮೊದಲು ನಡೆದದ್ದನ್ನು ಕ್ರಮವಾಗಿ ಬರೆಯುತ್ತೇನೆ.

೧. ೧೯೩೬ರ ದುರಸ್ತಿಯಲ್ಲಿ ನಿಮ್ಮ ಗದ್ದೆಗೆ ನೀರು ಬಿಡುವ ತೂಬನ್ನು ಒಂಬತ್ತು ಅಂಗುಲ ಹೆಚ್ಚು ಎತ್ತರದಲ್ಲಿ ಕೂರಿಸಿದವನು ನಾನು. ಗದ್ದೆಗೆ ನೀರು ಹತ್ತಲಿಲ್ಲ.

೨. ಈ ವರ್ಷ ಮಾರ್ಚಿನಲ್ಲಿ, ನೀವು ಹೂಡಿದ ದಾವೆಯ ಮೇಲೆ, ಮೂವತ್ತು ದಿನಗಳೊಳಗೆ ತೂಬನ್ನು ಇಳಿಸಬೇಕೆಂದು ಮೈಸೂರಿನ ಕೋರ್ಟು ನನಗೆ ಆಜ್ಞೆ ಮಾಡಿತು. ಆಗ ನಾಲೆ ಒಣಗಿತ್ತು. ಒಂದು ದಿನದ ಕೆಲಸ.

೩. ನಾನು ಮೇಲಿನ ಕಚೇರಿಯ ಮಂಜೂರಾತಿ ಕೇಳಿ ಕಾಗದ ಕಳುಹಿಸಿದೆ. ಜೂನ್‌ನಲ್ಲಿ ನಾಲೆಗೆ ನೀರು ಬಂತು. ತೂಬು ಹಾಗೆಯೇ ಇತ್ತು.

೪. ಆಜ್ಞೆ ಮೀರಿದ್ದಕ್ಕೆ ಜೈಲಿಗೇಕೆ ಕಳುಹಿಸಬಾರದೆಂದು ಜುಲೈನಲ್ಲಿ ನನಗೆ ನೋಟೀಸು ಬಂತು.

ವಿಚಾರಣೆಯ ದಿನ ನನ್ನನ್ನು ಏನು ಮಾಡಬೇಕೆಂದು ನ್ಯಾಯಾಧೀಶರು ನಿಮ್ಮನ್ನೇ ಕೇಳಿದರು. "ಇವರ್ನ ಜೈಲಿಗೆ ಆಕ್ಬುಟ್ರೆ ತೂಬು ಇಳ್ಸೋರು ಯಾರು ಬುದ್ಧಿ? ಕೊಡದಲ್ಲಿ ನೀರೊತ್ತು ಬೆಳ್ಸಿದ್ ಪೈರು ನಾಟಿ ಆಗ್ದೆ ಬಲಿತೋಯ್ತಾ ಐತೆ. ಮೊದ್ಲು ಇಳಿಸ್ಲಿ, ಆಮ್ಯಾಕ್ ಬೇಕಾದ್ರೆ ಆಕಿ" ಎಂದಿರಿ. ಕೋರ್ಟೆಲ್ಲ ನಕ್ಕಿತು. ನನಗೆ ಎಂಟು ದಿನಗಳ ಗಡುವು ಸಿಕ್ಕಿತು.

ಹರಿಯುವ ನಾಲೆಯಲ್ಲಿ ತೂಬು ಇಳಿಸಲಾಗದು. ನೀರು ನಿಲ್ಲಿಸಲು ಕೆಳಗಿನ ಗದ್ದೆಯವರೆಲ್ಲ ಒಪ್ಪಬೇಕು. ಕೇಳಲು ಹೋದ ನನ್ನನ್ನು ಚಿಕ್ಕಮಾದು ಬಾಗಿಲಲ್ಲೇ ತಡೆದು, "ನಾಟಿ ಒತ್ತಲ್ಲಿ ನೀರು ನಿಲ್ಲುಸ್ತೀರಾ? ಬ್ಯಾಸಿಗೇಲಿ ಮನಗಿದ್ರಾ ಸ್ವಾಮಿ?" ಎಂದರು. ಮರುದಿನ ನೀವೇ ಮನೆಮನೆಗೆ ಹೋಗಿದ್ದು ಗಾರೆ ಕೆಲಸದ ಖದೀರ್ ಸಾಹೇಬರಿಂದ ತಿಳಿಯಿತು. "ಎರಡು ದಿನ ತಡ್ಕಳ್ಲಾ ಮಾದು, ನಾನು ಎರಡು ವರ್ಸ ತಡ್ಕಂಡಿವ್ನಿ" ಎಂದಿರಂತೆ. ಎಲ್ಲರೂ ಒಪ್ಪಿದರು.

ಖದೀರ್ ಸಾಹೇಬರು ಕಲ್ಲು ಕಿತ್ತು ಸರಿಯಾದ ಮಟ್ಟಕ್ಕೆ ಕೂರಿಸಿದರು. ಅಡ್ಡ ಹಾಕಿದ್ದ ಮಣ್ಣು ತೆಗೆದಾಗ ನೀರು ನಿಮ್ಮ ಗದ್ದೆಗೆ ಇಳಿಯಿತು. ನೀವು ನನ್ನತ್ತ ತಿರುಗಿ, "ಊಟ ಆಯ್ತಾ ಸ್ವಾಮಿ?" ಎಂದು ಕೇಳಿದಿರಿ, ಅಷ್ಟೇ. ಇಪ್ಪತ್ತೆಂಟು ವರ್ಷಗಳ ನೌಕರಿಯಲ್ಲಿ ಇಷ್ಟು ದೊಡ್ಡ ಉಪಕಾರ ನನಗೆ ಯಾರೂ ಮಾಡಿಲ್ಲ.

ಒಂದು ಸಂಗತಿ ನಿಮಗೆ ತಿಳಿಯದು. ಆ ಕೆಲಸಕ್ಕೆ ಮಂಜೂರಾತಿ ಬೇಕಿರಲಿಲ್ಲ. ದುರಸ್ತಿಯ ವರ್ಷ ಹೊಸ ಏರಿಯ ಗುರುತುಕಲ್ಲನ್ನು ಹಳೆಯದೆಂದು ಭಾವಿಸಿ ನಾನು ಅದರಿಂದ ಅಳತೆ ಹಿಡಿದಿದ್ದೆ; ತೂಬು ಒಂಬತ್ತು ಅಂಗುಲ ಮೇಲೇರಿದ್ದು ಹೀಗೆ. ನಾನಾಗಿ ತೂಬು ಇಳಿಸಿದರೆ ಆ ತಪ್ಪು ಒಪ್ಪಿದಂತಾಗುತ್ತಿತ್ತು. ಆದ್ದರಿಂದ ಮೇಲಿನವರ ಸಹಿಗಾಗಿ ಕಾದೆ. 'ಮಂಜೂರಾತಿ ಬರುವುದು ತಡವಾಯಿತು' ಎಂದು ನಮ್ಮ ವಕೀಲರು ಈಗ ಕೋರ್ಟಿನ ನೋಟೀಸಿಗೆ ಉತ್ತರವಾಗಿ ಹೇಳಿಕೆ ಬರೆದಿಟ್ಟಿದ್ದಾರೆ. ಅದಕ್ಕೆ ನಾನು ಸಹಿ ಹಾಕಿದರೆ ನನ್ನ ನೌಕರಿ ಉಳಿಯುತ್ತದೆ.

ಈ ಕಾಗದವನ್ನು ಮೇಷ್ಟ್ರಿಂದ ಓದಿಸಿಕೊಳ್ಳುವಾಗ ಬೇರೆಯವರು ಕೇಳಿಸಿಕೊಂಡರೂ ಚಿಂತೆಯಿಲ್ಲ. ನಿಮ್ಮ ಗದ್ದೆ ತೆನೆಗಟ್ಟಿ ನಿಲ್ಲಲಿ, ದೇವರು ನಿಮ್ಮನ್ನು ಸುಖವಾಗಿಟ್ಟಿರಲಿ.

ವಕೀಲರ ಹೇಳಿಕೆಗೆ ನಾನು ಸಹಿ ಹಾಕುವುದಿಲ್ಲ. ಮಂಜೂರಾತಿ ಬೇಕಿರಲಿಲ್ಲ, ತಡ ಮಾಡಿದವನು ನಾನೇ ಎಂದು ನನ್ನ ಕೈಯಲ್ಲೇ ಬರೆದು, ಬರುವ ಸೋಮವಾರ ಕೋರ್ಟಿಗೆ ಒಪ್ಪಿಸಲು ತೀರ್ಮಾನಿಸಿದ್ದೇನೆ.

ನಿಮಗೆ ಋಣಿಯಾದ,
ರುದ್ರಸ್ವಾಮಿ