ಮುಸುಕಿನವಳ ಗದ್ದ

ಪಿಂಚರ್ಸ್ ಕೋವ್, ನ್ಯೂಫೌಂಡ್‌ಲ್ಯಾಂಡ್
ಡಿಸೆಂಬರ್ ೨೯

ಪ್ರೀತಿಯ ಮಗ ಸೆಲ್ಬಿಗೆ, ನಿನ್ನ ಅಮ್ಮನ ಆಶೀರ್ವಾದಗಳು.

ಬೆನ್ನುನೋವು ಹೇಗಿದೆ? ಆಲ್ಬರ್ಟಾದ ಚಳಿಗೆ ಆ ಹರಕು ಜಾಕೆಟ್ ಸಾಲದು ಎಂದು ಎಷ್ಟು ಸಲ ಬಡಕೊಂಡೆ, ನೀನು ಕೇಳಿದರೆ ತಾನೆ! ತೈಲದ ಕ್ಯಾಂಪಿನಲ್ಲಿ ಕ್ರಿಸ್‌ಮಸ್ ಊಟವನ್ನಾದರೂ ನೆಟ್ಟಗೆ ಹಾಕಿದರೋ ಇಲ್ಲವೋ. ನನ್ನ ಮಂಡಿ ಎಂದಿನಂತೆ ಹಿಡಿದುಕೊಂಡಿದೆ, ಅದಿರಲಿ. ಪಕ್ಕದ ಮನೆಯ ಹೆಡ್ಲಿ ನಾಳೆ ನಿಮ್ಮ ಕ್ಯಾಂಪಿಗೇ ವಾಪಸು ಹೊರಟಿದ್ದಾನೆ, ಅವನ ಕೈಯಲ್ಲೇ ಈ ಕಾಗದ ಕೊಡುತ್ತೇನೆ. ಫೋನಿನಲ್ಲಿ ಹೇಳೋಣವೆಂದರೆ ಟೆಸ್ಸಾ ಪಕ್ಕದಲ್ಲೇ ಇರುತ್ತಾಳೆ.

ನಿನ್ನ ಮಗಳು ಟೆಸ್ಸಾ ಚೇತರಿಸಿಕೊಳ್ಳುತ್ತಿದ್ದಾಳೆ. ಸೇಂಟ್ ಜಾನ್ಸ್‌ನ ಡಾಕ್ಟರು ಅವಳ ಮೇಲ್ದವಡೆಯನ್ನು ಹಲ್ಲುಗಳ ಸಮೇತ ಕೊಯ್ದು ಬಿಡಿಸಿ, ಮುಂದಕ್ಕೆ ಸರಿಸಿ, ಕೆಳದವಡೆಯನ್ನು ಹಿಂದಕ್ಕೆ ತಳ್ಳಿ, ಪುಟ್ಟ ತಗಡು-ತಿರುಪುಗಳಿಂದ ಕೂರಿಸಿದ್ದಾರೆ. ಬಾವು ಇಳಿದಿದೆ. ಮೇಲಿನ ಹಲ್ಲು ಕೆಳಗಿನ ಹಲ್ಲಿಗೆ ಕೊನೆಗೂ ಸರಿಯಾಗಿ ಕೂತಿದೆ. ಪಾಪ, ಇಷ್ಟು ವರ್ಷ ಬ್ರೆಡ್ಡನ್ನೂ ಕಚ್ಚಲಾಗದೆ ಬೆರಳಿನಿಂದ ಹರಿದು ಹರಿದು ಬಾಯಿಗೆ ತುರುಕಿಕೊಂಡ ಹುಡುಗಿ. ಸದ್ಯಕ್ಕೆ ಎರಡೂ ದವಡೆಗಳನ್ನು ರಬ್ಬರಿನಿಂದ ಬಿಗಿದಿದ್ದಾರೆ. ಬಟಾಣಿ ಸೂಪು ಸೋಸಿ ಸಿರಿಂಜಿನಲ್ಲಿ ಹಾಕುತ್ತೇನೆ. ತುಟಿಗೆ ಇನ್ನೂ ಸ್ಪರ್ಶವಿಲ್ಲ. ಸೂಪು ಗದ್ದಕ್ಕೆ ಇಳಿದರೂ ಅವಳಿಗೆ ತಿಳಿಯುವುದಿಲ್ಲ, ನಾನೇ ಒರೆಸುತ್ತೇನೆ.

ಒಂದು ವಿಷಯಕ್ಕೆ ಮಾತ್ರ ನಿನ್ನ ಮೇಲೆ ಸಿಟ್ಟಿದೆ. ಅವಳ ಹೊಸ ಮುಖದ ಫೋಟೋ ಕಳಿಸಿದಾಗ "ಇದ್ಯಾರ ಮಗಳಪ್ಪಾ, ನಮ್ಮನೇದಲ್ಲ!" ಎಂದು ನಕ್ಕೆಯಲ್ಲ, ಅದು ತಮಾಷೆಯೆಂದು ನನಗೆ ಗೊತ್ತು, ಅವಳಿಗೆ ಗೊತ್ತಿಲ್ಲ. ನಿಮ್ಮಪ್ಪನದು, ನಿನ್ನದು, ಅವಳದು, ಎಲ್ಲರದೂ ದೋಣಿಯ ಮೂತಿಯಂತೆ ಚಾಚಿದ ಗದ್ದವೇ. ಊರವರು ಅಣಕಿಸಿದ್ದೂ ಅದನ್ನೇ, ನೀನು ಮುತ್ತಿಡುತ್ತಿದ್ದದ್ದೂ ಅದಕ್ಕೇ. ಈಗ ಅದು ಹೋಯಿತು. "ಅಪ್ಪಂಗೆ ನನ್ನ ಗುರ್ತೇ ಸಿಗ್ದೆ ಹೋದ್ರೆ ಅಜ್ಜೀ?" ಎಂದು ಬಿಗಿದ ಹಲ್ಲಿನ ಸಂದಿಯಿಂದ ಕೇಳುತ್ತಾಳೆ. ಕನ್ನಡಿಯ ಮೇಲೆ ಟವೆಲ್ ಹೊದಿಸಿದ್ದಾಳೆ.

ಮೊನ್ನೆ ಸಂಜೆ, ವರ್ಷವರ್ಷದಂತೆ ಮನೆಮನೆ ಸುತ್ತುತ್ತ, ಕ್ರಿಸ್‌ಮಸ್ಸಿನ ಮುಸುಕಿನವರು ಬಂದರು. ಅದೇ ಗಲಾಟೆ: ತಲೆಗೆ ದಿಂಬಿನ ಚೀಲ, ಮುಖಕ್ಕೆ ಕಿಟಕಿಯ ಪರದೆ, ದನಿ ಗುರುತು ಸಿಗಬಾರದೆಂದು ಉಸಿರು ಒಳಗೆಳೆದುಕೊಂಡೇ "ಮುಸುಕಿನೋರನ್ನ ಒಳಗೆ ಬಿಡ್ತೀರಾ?" ಎನ್ನುವುದು. ಒಬ್ಬ ಹೆಂಡತಿಯ ನೈಟಿ ತೊಟ್ಟು ಕುಣಿದ. ಹೊಟ್ಟೆ ನೋಡಿಯೇ "ತೆಗಿಯೋ ಹೆಡ್ಲಿ, ಕೇಕ್ ತಿನ್ನು" ಎಂದೆ. ಹೆಸರು ಹಿಡಿದರೆ ಮುಸುಕು ತೆಗೆದು ನಮ್ಮವರಾಗಿ ಒಳಗೆ ಕೂರಬೇಕು, ಹಿಡಿಯದಿದ್ದರೆ ಬಂದ ಹಾಗೇ ಕತ್ತಲಿಗೆ ಹೋಗಬೇಕು; ಇದರಲ್ಲಿ ನನ್ನನ್ನು ಸೋಲಿಸುವವರಿಲ್ಲ ಎಂಬ ಜಂಭ ನನಗೆ. ಎಲ್ಲರನ್ನೂ ಹಿಡಿದೆ. ಬಾಗಿಲ ಬಳಿ ಒಬ್ಬಳು ಉಳಿದಳು. ಅವಳು ಕುಣಿಯಲಿಲ್ಲ. ತೆಳು ಪರದೆಯಡಿ ಗದ್ದ ಮುಂದಕ್ಕೆ ಚಾಚಿತ್ತು. ಸೊಸೆ ತೀರಿಕೊಂಡಾಗಿನಿಂದ ಆ ಗದ್ದವನ್ನು ತೊಳೆದು ಒರೆಸಿದವಳು ನಾನು, ನನಗೆ ತಪ್ಪುತ್ತದೆಯೇ? "ತೆಗಿಯೇ ಟೆಸ್ಸಾ" ಎಂದುಬಿಟ್ಟೆ.

ಅವಳ ಕೈ ಪರದೆಗೆ ಹೋಯಿತು. ಅಷ್ಟರಲ್ಲಿ ಪಕ್ಕದಿಂದ ಯಾರೋ ನನ್ನ ಮೊಣಕೈ ಹಿಡಿದರು. "ಅಜ್ಜೀ, ನಾನಿಲ್ಲೇ ಇದೀನಲ್ಲ." ಟೆಸ್ಸಾ ಒಲೆಯ ಹತ್ತಿರ ನನ್ನ ಪಕ್ಕದಲ್ಲೇ ಕೂತಿದ್ದಳು, ಸೆಲ್ಬಿ. "ಅಲ್ಲ, ಅಲ್ಲ, ತಪ್ಪಾಯ್ತು!" ಎಂದು ಕಿರುಚಿದೆ. ಬಾಗಿಲಲ್ಲಿದ್ದವಳು ಕೈ ಇಳಿಸಿ ಹೊರಗೆ ಹೋದಳು. ನಿಮ್ಮ ಜೊತೆ ಬಂದವಳು ಯಾರೆಂದು ಕೇಳಿದರೆ ಹೆಡ್ಲಿ "ಯಾವ್ಳು ದೊಡ್ಡಮ್ಮಾ? ಬಂದೋರೆಲ್ಲ ಇಲ್ಲೇ ಕೇಕ್ ತಿಂತಾ ಇದೀವಲ್ಲ, ಏನು ಇವತ್ತು ರಮ್ ಜಾಸ್ತಿಯಾಯ್ತಾ?" ಎಂದು ನಗಾಡಿದ. ಬಾಗಿಲ ಪಕ್ಕದ ಮೇಜಿನ ಮೇಲೆ ಒಂದು ತಟ್ಟೆ ಇತ್ತು. ಅದರಲ್ಲಿದ್ದ ಕೇಕನ್ನು ಯಾರೂ ಕಚ್ಚಿರಲಿಲ್ಲ. ಬೆರಳಿನಿಂದ ಹರಿದು ಹರಿದು ತಿಂದಿದ್ದರು.

ನನಗೆ ಹೆದರಿಕೆಯಾಗಿದೆ, ಮಗನೇ. ಬೆನ್ನು ಜೋಪಾನ. ದೇವರು ನಿನ್ನನ್ನು ಕಾಯಲಿ, ನಮ್ಮನ್ನೂ.

ನಿನ್ನ ಅಮ್ಮ,
ಮೆಲ್ವಿನಾ

ಮತ್ತೆ: ಹೆಡ್ಲಿ ಬಂದು ನಿಂತಿದ್ದಾನೆ, ಬೇಗ ಬರೆಯುತ್ತೇನೆ. ನೀನು ಊರಿಗೆ ಬರುವ ಜನವರಿ ಆರು ಮುಸುಕಿನ ಕೊನೆಯ ಸಂಜೆ. ಟೆಸ್ಸಾ ಮುಸುಕು ಹಾಕಿಕೊಂಡೇ ನಿನ್ನೆದುರು ಬರುತ್ತಾಳಂತೆ, ನೀನಾಗಿ ಹೆಸರು ಹಿಡಿದರೆ ಮಾತ್ರ ಮುಖ ತೋರಿಸುತ್ತಾಳಂತೆ. ಬೇಡವೆಂದರೆ ಕೇಳುವುದಿಲ್ಲ, ನಿನ್ನದೇ ಹಠ. ನಿನ್ನೆ ನಾನು ಅವಳಿಗೆ ಸೂಪು ಕುಡಿಸುತ್ತಿದ್ದಾಗ ಹಿತ್ತಿಲ ಬಾಗಿಲಾಚೆಯಿಂದ ಅವಳದೇ ಹಳೇ ತೊದಲು ದನಿ ಕೇಳಿತು: "ಅಪ್ಪ ಯಾವಾಗ ಬರ್ತಾರೆ ಅಜ್ಜೀ?" ಆವತ್ತು ಇಬ್ಬರು ಬರುತ್ತಾರೆ, ಸೆಲ್ಬಿ. ನೀನು ಯಾರ ಹೆಸರು ಹಿಡಿಯುತ್ತೀಯೋ ಅವಳೇ ಒಳಗೆ ಉಳಿಯುವುದು. ಒಬ್ಬಳು ಬಾಯಿ ತೆರೆಯಲಾಗದೆ ಸುಮ್ಮನೆ ನಿಂತಿರುತ್ತಾಳೆ, ನಿನಗೆ ಯಾರೋ ಅಪರಿಚಿತಳು ಅನ್ನಿಸುತ್ತದೆ. ಅವಳನ್ನೇ ಟೆಸ್ಸಾ ಎಂದು ಕರೆ. ಇನ್ನೊಬ್ಬಳದು ನೀನು ಮುತ್ತಿಟ್ಟ ಗದ್ದ. ಅವಳು "ಅಪ್ಪಾ" ಅನ್ನುತ್ತಾಳೆ. ಓಗೊಡಬೇಡ.