ಅಪ್ಪನ ಕೈಯಲ್ಲಿದ್ದ ಫೈಲು

ಮಾರ್ಚ್ 4

ಇವತ್ತು ಹದಿನಾಲ್ಕು ಪ್ಯಾಂಟು. ಬೆರಳಿಗೆ ಎರಡು ಸಲ ಸೂಜಿ. ನೋವಾಗಲಿಲ್ಲ.

ಅಪ್ಪ ಮತ್ತೆ ಖಾಕಿ ಶರ್ಟು ಒಗೆದು ಹಾಕಿದ್ದಾನೆ. ರಿಟೈರ್ ಆಗಿ ಒಂದೂಮುಕ್ಕಾಲು ವರ್ಷ ಆಯ್ತು. ಆಫೀಸಲ್ಲಿ ಫೈಲು ಹೊರೋಕೆ ಹೊಸಬ ಬಂದಿಲ್ಲ. "ನೀನಿಲ್ದೆ ಇಲ್ಲಿ ಕಾಗದ ಅಲ್ಲಾಡಲ್ಲ ಕಣಯ್ಯಾ" ಅಂದರಂತೆ ಸಾಹೇಬರು. ಇವನು ದಿನಾ ಹೋಗ್ತಾನೆ. ಬಿಟ್ಟಿ.

"ನನ್ನ ಫೈಲೂ ಅಲ್ಲೇ ಇದೆಯಲ್ಲಮ್ಮ. ಮುಖ ಕಾಣ್ತಿರ್ಬೇಕು."

ಮೂವತ್ತೊಂದು ವರ್ಷ ಸಂಬಳದಲ್ಲಿ ಹಿಡಿದ ಪಿಎಫ್ ದುಡ್ಡು. ಹತ್ತೊಂಬತ್ತು ತಿಂಗಳು ತಡ ಮಾಡಿ ಕಳೆದ ತಿಂಗಳು ಕೊಟ್ಟರು. ಅಮ್ಮನ ಸೊಂಟದ ಆಪರೇಷನ್ ಸಾಲಕ್ಕೆ ಪೂರ್ತಿ ಹೋಯ್ತು. ತಡ ಮಾಡಿದ್ದಕ್ಕೆ ಬಡ್ಡಿ ಕೊಡಬೇಕು, ರೂಲ್ಸ್ ಇದೆ. ಅದು ನನಗೆ ಬಟ್ಟೆ ಅಂಚು ಹೊಲಿಯೋ ಓವರ್‌ಲಾಕ್ ಮಷೀನಿಗೆ ಅಂದಿದ್ದಾನೆ ಅಪ್ಪ. ಸೆಕೆಂಡ್ ಹ್ಯಾಂಡು. ಮಾರೋನು ತಿಂಗಳ ಕೊನೆವರೆಗೆ ಕಾಯ್ತಾನಂತೆ. ಬಂದರೆ ಮನೆಯಲ್ಲೇ ಹೊಲಿಯಬಹುದು. ಅಂಗಡಿ ಯಜಮಾನನ ಮುಖ ನೋಡಬೇಕಾಗಿಲ್ಲ.

ಮಾರ್ಚ್ 11

ಅರ್ಧ ದಿನ ರಜೆ ಹಾಕಿ ಅಪ್ಪನ ಜೊತೆ ಹೋದೆ. ಲೆಕ್ಕದ ರೂಮಲ್ಲಿ ಕೂರೋ ಮೇಡಂಗೆ ನಾನಿಟ್ಟ ಹೆಸರು — ನಾಳೆ ಮೇಡಂ.

"ಓದ್ತಿದೀಯಾ?"

"ಒಂಬತ್ತಕ್ಕೆ ಬಿಟ್ಟೆ."

"ಅದಕ್ಕೇ ಮಾತು ಹೀಗೆ."

"ಮಾತು ಬಿಡಿ ಮೇಡಂ. ಬಡ್ಡಿ ಅರ್ಜಿ ಎಲ್ಲಿದೆ?"

ಅಪ್ಪ ಹಿಂದಿನಿಂದ ತೋಳು ಚಿವುಟಿದ. ಮೇಡಂ ನಾಳೆ ನೋಡೋಣ ಅಂದರು. ಅಷ್ಟರಲ್ಲಿ ಅಪ್ಪ ಮೂರು ಫೈಲು ಸಾಗಿಸಿ, ಅವರಿಗೆ ನೀರೂ ತಂದಿಟ್ಟ. ನನಗೆ ಸಿಟ್ಟು ಬರಬೇಕಿತ್ತು... ಗೋಡೆ ಗಡಿಯಾರ ನೋಡ್ತಾ ಕೂತೆ.

ಮಾರ್ಚ್ 24

ಮಧ್ಯಾಹ್ನ ಅಪ್ಪ ಅಂಗಡಿಗೇ ಬಂದ. ಖಾಕಿಯಲ್ಲಿ. ಒಂದು ಕೈಯಲ್ಲಿ ಲಕೋಟೆ, ಇನ್ನೊಂದರಲ್ಲಿ ಕಾಗದ ಮುಟ್ಟಿದ್ದಕ್ಕೆ ಸೈನ್ ಹಾಕಿಸ್ಕೊಳ್ಳೋ ಆಫೀಸಿನ ಬುಕ್ಕು.

ಓದಿದೆ. 'ಪಿಎಫ್ ಕಡತವು ಹದಿನಾಲ್ಕು ತಿಂಗಳು ಅರ್ಜಿದಾರರ ವಶದಲ್ಲೇ ಇದ್ದುದರಿಂದ ಬಡ್ಡಿ ಪಾವತಿಸಲು ಬರುವುದಿಲ್ಲ.'

"ನಿನ್ನ ವಶದಲ್ಲಾ?"

"ಬುಕ್ಕಲ್ಲಿ ಹಾಗೇ ಇದೆ. ಸಾಹೇಬರ ರೂಮಿಂದ ತಗೊಂಡೆ ಅಂತ ನಾನು ಸೈನ್ ಹಾಕಿದೀನಿ. ಮುಟ್ಟಿತು ಅಂತ ಮೇಡಂ ಹಾಕಿಲ್ಲ."

"ಯಾಕೆ ಹಾಕಿಸ್ಕೊಳ್ಲಿಲ್ಲ?"

"ಕಿಟಕಿ ಮೇಲಿಡು, ನಾಳೆ ಹಾಕ್ತೀನಿ ಅಂದ್ರು. ಬೇರೆಯವರ ಫೈಲಾಗಿದ್ರೆ ಬಿಡ್ತಿರ್ಲಿಲ್ಲ. ನನ್ನದಕ್ಕೆ ನಾನೇ ಹೇಗೆ ಒತ್ತಾಯ ಮಾಡ್ಲಿ?"

ಹದಿನಾಲ್ಕು ತಿಂಗಳು. ಆ ಕಿಟಕಿ ಪಕ್ಕದಲ್ಲೇ ದಿನಾ ಓಡಾಡಿದಾನೆ.

ಬುಕ್ಕು ತೆರೆದು ನನ್ನ ಮುಂದಿಟ್ಟ. "ಲಕೋಟೆ ಮುಟ್ಟಿದ್ದಕ್ಕೆ ಒಂದು ಸೈನ್ ಹಾಕಮ್ಮ. ಕೊಡೋನೂ ನಾನೇ, ತಗೊಳ್ಳೋನೂ ನಾನೇ ಆದ್ರೆ ಸರಿ ಇರಲ್ಲ."

ಹಾಕಿದೆ.

"ತಾರೀಕು ಹಾಕು" ಅಂದ.

ಮಾರ್ಚ್ 31

ಮಷೀನು ಬೇರೆಯವರಿಗೆ ಹೋಯ್ತು. ಹದಿನಾರು ಪ್ಯಾಂಟು.

ಏಪ್ರಿಲ್ 9, ಬೆಳಿಗ್ಗೆ 9

ಮೂವತ್ತು ದಿನದೊಳಗೆ ಮೇಲ್ಮನವಿ ಹಾಕಬಹುದಂತೆ. ಅದನ್ನೂ ಲೆಕ್ಕದ ರೂಮಲ್ಲೇ ಕೊಡಬೇಕು. ಅಪ್ಪನೇ ದುಂಡಗೆ ಬರೆದ.

"ಕೊಡಮ್ಮ, ಹೆಂಗೂ ಹೋಗ್ತಿದೀನಿ. ಇಟ್ಟು ಬರ್ತೀನಿ."

"ನೀನು ಮುಟ್ಟಬೇಡ."

ಕೈ ಹಿಂದಕ್ಕೆ ತಗೊಂಡ. ಆಮೇಲೆ ಜೇಬಿಂದ ಪೆನ್ನು ತೆಗೆದು ಕೊಟ್ಟ. "ಇಂಕ್ ಇಲ್ಲ ಅಂತಾರೆ ಅವರು. ಇಟ್ಕೋ."

ಸಂಜೆ 4.40

ಲೆಕ್ಕದ ರೂಮು. ಅಂಗಡಿ ಪೆನ್ಸಿಲಲ್ಲಿ ಬರೀತಿದೀನಿ. ಅಪ್ಪನ ಪೆನ್ನು ಮೇಡಂ ಮೇಜಿನ ಮೇಲೆ, ಮನವಿಯ ಜೆರಾಕ್ಸ್ ಪಕ್ಕ. ಮುಟ್ಟಿತು ಅಂತ ಅದರ ಮೇಲೆ ಒಂದು ಸೈನು ಬೇಕು, ಅಷ್ಟೇ. ಹನ್ನೊಂದಕ್ಕೆ ನಾಳೆ ಅಂದರು. ಎರಡು ಗಂಟೆಗೂ ನಾಳೆ. ನಾನು ಎದ್ದಿಲ್ಲ. ಅಪ್ಪ ಆರು ಸಲ ಫೈಲು ಹೊತ್ತು ಬಂದ, ನನ್ನ ಗುರುತೇ ಇಲ್ಲದವನ ಹಾಗೆ. ಏಳನೇ ಸಲ ಬರಿಗೈಯಲ್ಲಿ ಬಂದ. ಬಂದು ಬೆಂಚಲ್ಲಿ ನನ್ನ ಪಕ್ಕ ಕೂತ.

ಒಳಗಿಂದ ಸಾಹೇಬರ ಬೆಲ್ಲು. ಅಪ್ಪ ಎದ್ದಿಲ್ಲ.

ಮತ್ತೆ ಬೆಲ್ಲು.

ಮೇಡಂ ಇವನನ್ನೇ ನೋಡ್ತಿದಾರೆ. ಪೆನ್ನಿನ ಕ್ಯಾಪು ತೆಗೆದರು. ಜೆರಾಕ್ಸು ಎಳಕೊಂಡು —